ಇನ್ನೂ ನಾಲ್ಕು ಹೆಸರಿದೆ

ಈ ಸಲ ನಾಗರ ಚೌತಿಗೆ ಯಲಹಂಕದ ಮನೆಯಲ್ಲೇ ಬೆಳ್ಳಿ ನಾಗಪ್ಪನಿಗೆ ಹಾಲೆರೆದರೆ ಸಾಕು ಅಂದುಕೊಂಡಿದ್ದೆ. ಅಮ್ಮ ಒಪ್ಪಲಿಲ್ಲ. "ವಿದುರಾಶ್ವತ್ಥಕ್ಕೆ ಹೋಗಿ ಬರೋಣ ಕಣೆ. ನಿನ್ನ ಕಲ್ಲಿಗೆ ತನಿ ಎರೆದು ಎಷ್ಟು ವರ್ಷ ಆಯ್ತು!" ಅಂದಳು.

ನನ್ನ ಕಲ್ಲು ಅಂದರೆ, ನಾನು ಹುಟ್ಟುವ ಮೊದಲೇ ಅಲ್ಲಿ ಪ್ರತಿಷ್ಠೆ ಮಾಡಿಸಿದ ನಾಗರಕಲ್ಲು. ಮದುವೆಯಾಗಿ ಆರು ವರ್ಷ ಅಪ್ಪ ಅಮ್ಮನಿಗೆ ಮಕ್ಕಳಿರಲಿಲ್ಲ. ಹರಕೆ ಹೊತ್ತರು. ಕಲ್ಲು ಕೆತ್ತಿಸಿ, ನೀರಲ್ಲಿಟ್ಟು, ಆಮೇಲೆ ಅಶ್ವತ್ಥದ ಬುಡದಲ್ಲಿ ನಿಲ್ಲಿಸಿದರು. ಮುಂದಿನ ವರ್ಷ ನಾನು ಹುಟ್ಟಿದೆ.

ಬೆಳಗಿನ ಹಿಂದೂಪುರದ ಗಾಡಿ ಹತ್ತಿದೆವು. ಅಮ್ಮನ ತೊಡೆ ಮೇಲೆ ಬಟ್ಟೆ ಚೀಲ. ಅದರಲ್ಲಿ ಚಿಗಳಿ, ತಂಬಿಟ್ಟು, ಗೆಜ್ಜೆವಸ್ತ್ರ, ಅರಿಶಿನ ಕುಂಕುಮ, ಸ್ಟೀಲ್ ಡಬ್ಬಿಯಲ್ಲಿ ಕಾಯಿಸದ ಹಾಲು. ತನಿ ಎರೆಯುವ ತನಕ ಅವಳು ಏನೂ ತಿನ್ನುವುದಿಲ್ಲ. ಎಪ್ಪತ್ತು ದಾಟಿದರೂ ಅದೊಂದು ಬಿಟ್ಟಿಲ್ಲ.

ದೊಡ್ಡಬಳ್ಳಾಪುರ ಕಳೆದು ಮಾಕಳಿದುರ್ಗದ ಬೆಟ್ಟ ಕಂಡ ಮೇಲೆ ಅಮ್ಮ ಕಿಟಕಿ ಬಿಡಲಿಲ್ಲ. ಅವಳು ಹುಟ್ಟಿದ್ದು ತೊಂಡೇಬಾವಿ ಕಡೆಯ ಸಣ್ಣ ಊರಲ್ಲಿ. ರಾಗಿ, ಕಡಲೆಕಾಯಿ, ಹೊಲದ ಅಂಚಿನಾಚೆ ರೈಲು ಹಳಿ. ಮನೆಯಲ್ಲಿ ಗಡಿಯಾರ ಇರಲಿಲ್ಲ. ಗಾಡಿಯೇ ಗಡಿಯಾರ. ಬೆಳಗಿನ ಗಾಡಿ ಹೋದರೆ ದನ ಹೊರಗೆ ಬಿಡಬೇಕು. ಮಧ್ಯಾಹ್ನದ ಗಾಡಿ ಬಂದರೆ ಕಳೆ ಕೀಳುವವರಿಗೆ ಬುತ್ತಿ ಹೊರಬೇಕು. ಈಗಲೂ ಎಲ್ಲಿಗೇ ಹೊರಟರೂ ಅವಳು ಅರ್ಧ ಗಂಟೆ ಮೊದಲೇ ಸ್ಟೇಷನ್ನಿನಲ್ಲಿ ಕೂತಿರಬೇಕು. ಗಾಡಿ ಯಾರಿಗೂ ಕಾಯಲ್ಲ ಅನ್ನುವುದು ಅವಳ ಮಾತು.

"ಚೌತಿ ದಿನ ನಮ್ಮಪ್ಪ ನೇಗಿಲು ಮುಟ್ಟುತ್ತಿರಲಿಲ್ಲ" ಅಂದಳು. "ಗುದ್ದಲಿ ಕೂಡ ಮುಟ್ಟುತ್ತಿರಲಿಲ್ಲ. ನೆಲದಲ್ಲಿ ಅವನಿರ್ತಾನೆ, ನೋವಾಗಬಾರದು ಅಂತ." ರಾಗಿ ಕಣಕ್ಕೆ ಇಲಿ ಬಿದ್ದರೆ ವರ್ಷದ ಅನ್ನ ಹೋಯಿತು. ಆ ಇಲಿ ಹಿಡಿಯುವವನು ನಾಗಪ್ಪ. ಹೊಲದವರ ಭಯವೂ ಅವನೇ, ಕಾವಲೂ ಅವನೇ. ಬೆಂಗಳೂರಿನ ಮನೆಯಲ್ಲಿ ಕೂತು ಹಾಲೆರೆಯುವ ನನಗೆ ಈ ಲೆಕ್ಕ ಯಾವತ್ತೂ ಹೊಳೆದಿರಲಿಲ್ಲ.

ಗೌರಿಬಿದನೂರಿನಲ್ಲಿ ಇಳಿದು ಆಟೋ ಹಿಡಿದೆವು. ವಿದುರಾಶ್ವತ್ಥ ಪುಟ್ಟ ಊರು. ಪಕ್ಕದಲ್ಲಿ ಉತ್ತರ ಪಿನಾಕಿನಿ. ಮಹಾಭಾರತದ ವಿದುರ ನೆಟ್ಟ ಅಶ್ವತ್ಥ ಇಲ್ಲಿತ್ತು ಅಂತ ಹಿರಿಯರ ನಂಬಿಕೆ. ಊರಿಗೆ ಹೆಸರು ಬಂದಿದ್ದೂ ಅದರಿಂದಲೇ. ಆ ಹಳೇ ಮರ 2001ರಲ್ಲಿ ಬಿದ್ದುಹೋಯಿತು. ಅಮ್ಮ ಕೊನೆಯ ಸಲ ಬಂದಾಗ ಮರ ಇತ್ತು. ಅವಳಿಗೆ ಆ ಮರವೇ ಗುರುತು.

ಅಶ್ವತ್ಥನಾರಾಯಣನಿಗೆ ಕೈ ಮುಗಿದು ಹೊರಗೆ ಬಂದರೆ ಕಣ್ಣು ಹಾಯಿಸಿದಷ್ಟೂ ನಾಗರಕಲ್ಲು. ಒಂದರ ಭುಜಕ್ಕೆ ಒಂದು ಒರಗಿಕೊಂಡು ಸಾಲು ಸಾಲಾಗಿ ನಿಂತಿವೆ. ಹೆಣೆದುಕೊಂಡ ಜೋಡಿ ನಾಗ, ನಡುವೆ ಪುಟ್ಟ ಲಿಂಗ. ಐದು ಹೆಡೆಯವು ಬೇರೆ. ಕೆಲವಕ್ಕೆ ಹೊಸ ಕುಂಕುಮ, ಕೆಲವಕ್ಕೆ ಪಾಚಿ. ಯಾವುದರ ಮೇಲೂ ನನಗೊಂದು ಹೆಸರು ಕಾಣಲಿಲ್ಲ.

"ನಮ್ಮದು ಜೋಡಿ ನಾಗ. ಎಡಗಡೆ ಹೆಡೆ ಮೇಲೆ ಸಣ್ಣ ಚಕ್ಕೆ ಎದ್ದಿತ್ತು" ಅಂದಳು ಅಮ್ಮ. ಹುಡುಕಲು ಶುರು ಮಾಡಿದೆವು. ಒಂದು ಕಲ್ಲಿನ ಮುಂದೆ ಅಮ್ಮ ಕುಕ್ಕರುಗಾಲಲ್ಲಿ ಕೂತಳು. ಅರಿಶಿನ ಎಷ್ಟು ದಪ್ಪ ಮೆತ್ತಿತ್ತೆಂದರೆ ನಾಗಪ್ಪನ ಕಣ್ಣೇ ಮುಚ್ಚಿಹೋಗಿತ್ತು. ಸೆರಗಿನ ತುದಿ ನೀರಲ್ಲಿ ಅದ್ದಿ, ಮಗುವಿನ ಮುಖ ಒರೆಸುವ ಹಾಗೆ ಮೆಲ್ಲಗೆ ಒರೆಸಿದಳು. ಕಣ್ಣು ಕಂಡಿತು. ಹೆಡೆಯ ಅಂಚು ಕಂಡಿತು. ಚಕ್ಕೆ ಎದ್ದಿತ್ತು. "ಇದೇ ಕಣೆ!" ಅಂದಳು. ಆಮೇಲೆ ಪಕ್ಕದ್ದನ್ನು ಒರೆಸಿದಳು. ಅದರಲ್ಲೂ ಚಕ್ಕೆ. ಅದರಾಚೆಯದರಲ್ಲೂ.

ನನಗೆ ಗಂಟಲು ಕಟ್ಟಿತು. ಇಷ್ಟು ದೂರ ಬಂದು ಸಿಗದೆ ಹೋಯಿತಲ್ಲ ಅಂತ. ಅಮ್ಮ ಸ್ವಲ್ಪ ಹೊತ್ತು ಸುಮ್ನೆ ಕೂತಿದ್ದಳು. ಆಮೇಲೆ, "ಇಲ್ಲಿರೋದೆಲ್ಲ ಯಾರದೋ ಮಗೂಗೆ ಅಂತ ಬೇಡಿಕೊಂಡು ಇಟ್ಟಿದ್ದೇ ಅಲ್ವೇನೆ" ಅಂದು ಡಬ್ಬಿಯ ಮುಚ್ಚಳ ತೆಗೆದಳು. ಆ ಸಾಲಿನ ಒಂದೊಂದು ಕಲ್ಲಿಗೂ ಒಂದೊಂದು ತೊಟ್ಟು ಹಾಲೆರೆದಳು. ನಾನು ಹಿಂದೆ ಹಿಂದೆ ಅರಿಶಿನ ಇಡುತ್ತಾ ಹೋದೆ. ಯಾರ ಮಕ್ಕಳೋ, ಈಗ ಎಲ್ಲೆಲ್ಲಿದ್ದಾರೋ. ಎಲ್ಲರೂ ಚೆನ್ನಾಗಿರಲಿ ಅಂತ ನನ್ನ ಬಾಯಲ್ಲೂ ತಾನಾಗೇ ಬಂತು. ಹಾಲು ಸಾಲಿನ ಕೊನೆ ತನಕ ಬಂತು.

ಇದೇ ಜಾಗದಲ್ಲಿ 1938ರ ಏಪ್ರಿಲ್ 25ರಂದು ಗುಂಡು ಹಾರಿತ್ತು. ಮೈಸೂರು ಸಂಸ್ಥಾನದಲ್ಲಿ ಆಗ ಕಾಂಗ್ರೆಸ್ ಬಾವುಟ ಹಾರಿಸುವ ಹಾಗಿರಲಿಲ್ಲ. ಅದೇ ತಿಂಗಳು ಮದ್ದೂರಿನ ಹತ್ತಿರ ಶಿವಪುರದಲ್ಲಿ ಧ್ವಜ ಸತ್ಯಾಗ್ರಹ ಆಗಿತ್ತು. ಇಲ್ಲೂ ಸುತ್ತಲಿನ ಹಳ್ಳಿಗಳ ಜನ ಸೇರಿದರು. ಪೊಲೀಸರು ಗುಂಡು ಹಾರಿಸಿದರು. 30ಕ್ಕೂ ಹೆಚ್ಚು ಜನ ಸತ್ತರು ಅಂತ ಈ ಕಡೆ ಹೇಳುತ್ತಾರೆ. ಆಮೇಲೆ ಗಾಂಧೀಜಿ ಸರ್ದಾರ್ ಪಟೇಲರನ್ನೂ ಆಚಾರ್ಯ ಕೃಪಲಾನಿಯವರನ್ನೂ ಕಳಿಸಿದರು. ದಿವಾನ್ ಮಿರ್ಜಾ ಇಸ್ಮಾಯಿಲ್ ಜೊತೆ ಮಾತುಕತೆ ಆಗಿ ಬಾವುಟಕ್ಕೆ ಒಪ್ಪಿಗೆ ಸಿಕ್ಕಿತು. ದಕ್ಷಿಣದ ಜಲಿಯನ್‌ವಾಲಾ ಬಾಗ್ ಅನ್ನುತ್ತಾರೆ. ನನಗೆ ಆ ಹೋಲಿಕೆಗಿಂತ ಹೆಚ್ಚಾಗಿ ಕಾಡುವುದು ಬೇರೆ. ಅವತ್ತು ಬಿದ್ದವರು ದೊಡ್ಡ ನಾಯಕರಲ್ಲ. ಹೀಗೇ ಹರಕೆ ಹೊತ್ತು, ಕಲ್ಲು ನೆಟ್ಟು ಪಡೆದ ಮಕ್ಕಳು ಅವರಲ್ಲಿ ಎಷ್ಟು ಜನ ಇದ್ದರೋ.

ಅವರ ಹೆಸರು ಕೆತ್ತಿದ ಕಲ್ಲು ಅಲ್ಲೇ ಇದೆ. ಅಮ್ಮ ಓದಿದ್ದು ಮೂರನೇ ಕ್ಲಾಸು. ಚೀಲದಲ್ಲಿ ಉಳಿದಿದ್ದ ಹೂವನ್ನು ಕಲ್ಲಿನ ಬುಡಕ್ಕಿಟ್ಟಳು. ಆಮೇಲೆ ಬೆರಳಿಟ್ಟು ಒಂದೊಂದೇ ಅಕ್ಷರ ಕೂಡಿಸಿ ಹೆಸರು ಓದತೊಡಗಿದಳು. ಬೆರಳ ತುದಿಯಲ್ಲಿ ಇನ್ನೂ ಅರಿಶಿನ ಇತ್ತು. ಓದಿದ ಹೆಸರಿನ ಮೇಲೆಲ್ಲ ಒಂದು ಹಳದಿ ಚುಕ್ಕೆ ಉಳಿಯುತ್ತಿತ್ತು.

ಹೊರಗೆ ಆಟೋದವನು ಹಾರ್ನ್ ಮಾಡಿದ. ನಾನು ಗಡಿಯಾರ ನೋಡಿಕೊಂಡೆ.

"ಅಮ್ಮಾ, ಗಾಡಿ ತಪ್ಪುತ್ತೆ."

"ತಪ್ಪಲಿ ಇರು" ಅಂದಳು, ಬೆರಳು ಎತ್ತದೆ. "ಇನ್ನೂ ನಾಲ್ಕು ಹೆಸರಿದೆ."