ಪರದೆಯ ಹಿಂದಿನ ಪಿಸುಮಾತು

ಚಾಮರಾಜಪೇಟೆಯ ನನ್ನ ಎಡಿಟಿಂಗ್ ಕೋಣೆಯಲ್ಲಿ ಕುಳಿತು ಒಬ್ಬ ತಾಯಿಯ ದನಿಯನ್ನು ನಾನು ಅಳಿಸಿದ್ದೇನೆ. ಗೊತ್ತಿಲ್ಲದೆ ಅಳಿಸಿದೆ ಎಂಬುದು ನಿಜ. ಆದರೆ ಒಂದು ಮಾತು ಕೇಳಿದ್ದರೆ ಗೊತ್ತಾಗುತ್ತಿತ್ತು, ನಾನು ಕೇಳಲಿಲ್ಲ. ಸಾಕ್ಷ್ಯಚಿತ್ರದ ಕೆಲಸಕ್ಕೆ ಹೊಸದಾಗಿ ಬರುವವರಿಗೆ ಇದನ್ನು ಹೇಳಲೇಬೇಕು.

ಹಿಂದಿನಿಂದ ದೀಪ ಬೆಳಗುವ ಪರದೆಯ ಮೇಲೆ ಆಡಿಸುವ ತೊಗಲುಗೊಂಬೆಗಳನ್ನು ನಾನು ಮೊದಲು ನೋಡಿದ್ದು ಕುಮಾರಕೃಪಾ ರಸ್ತೆಯ ಚಿತ್ರಕಲಾ ಪರಿಷತ್ತಿನಲ್ಲಿ. ಎಂ.ಎಸ್. ನಂಜುಂಡರಾಯರ ಆಸಕ್ತಿಯಿಂದ ಬೆಳೆದ ಸಂಗ್ರಹ ಅದು. ಆ ಕೆಂಪು, ಆ ಹಸಿರು, ಉಳಿಯಿಂದ ಕೊರೆದ ಸಣ್ಣ ಸಣ್ಣ ತೂತುಗಳು ಕಣ್ಣಿನಲ್ಲೇ ನಿಂತಿದ್ದವು. ಹಾಗಾಗಿ ಬಳ್ಳಾರಿ ಕಡೆಯ ಹಳ್ಳಿಯೊಂದಕ್ಕೆ ಇಡೀ ರಾತ್ರಿಯ ರಾಮಾಯಣದ ಆಟವನ್ನು ಚಿತ್ರೀಕರಿಸಲು ಹೋದಾಗ ನನ್ನ ಗಮನವೆಲ್ಲ ಬಣ್ಣದ ಮೇಲಿತ್ತು. ಮುಂದಿನಿಂದ ಬೆಳಕು ಬಿದ್ದರೆ ತೊಗಲಿನೊಳಗಿನ ಹೊಳಪು ಸತ್ತುಹೋಗುತ್ತದೆ ಎಂದು ನಮ್ಮ ದೀಪಗಳನ್ನೆಲ್ಲ ಆರಿಸಿದೆ. ಒಂದು ಮೈಕನ್ನು ಪರದೆಯ ಮುಂದೆ, ಇನ್ನೊಂದನ್ನು ಹಿಂದೆ ಇಟ್ಟೆವು.

ಬೆಂಗಳೂರಿಗೆ ಬಂದು ಕೇಳಿದರೆ ಹಿಂದಿನ ಮೈಕಿನಲ್ಲಿ ಹಾಡಿನ ನಡುನಡುವೆ ಒಂದು ಹೆಣ್ಣುದನಿಯ ಪಿಸುಮಾತು. ಕನ್ನಡವಲ್ಲ. ಈ ಗೊಂಬೆಗಳನ್ನು ಆಡಿಸುವ ಸಮುದಾಯದವರಾದ ಕಿಳ್ಳೇಕ್ಯಾತರು ಆಟವನ್ನು ಕನ್ನಡದಲ್ಲಿ ಆಡಿದರೂ ಮನೆಯೊಳಗೆ ಆಡುವುದು ಮರಾಠಿಯ ಒಂದು ಬಗೆ. "ಈ ಗದ್ದಲ ತೆಗೆಯಲೇ ಸಾರ್?" ಎಂದು ದನಿಯ ಕೆಲಸದವರು ಕೇಳಿದರು. ತೆಗೆಯಿರಿ ಎಂದೆ. ಇಪ್ಪತ್ತಾರು ನಿಮಿಷದ ಚಿತ್ರ ಶುಭ್ರವಾಗಿ ಬಂತು. ಮುಂದಿನ ಕೆಲಸಕ್ಕೆ ಹಾರ್ಡ್ ಡಿಸ್ಕ್ ಬೇಕಿತ್ತು, ಮೂಲವನ್ನೂ ಅಳಿಸಿದೆ.

ಎಂಟು ತಿಂಗಳ ಮೇಲೆ ಲ್ಯಾಪ್‌ಟಾಪ್ ಹಿಡಿದು ಆಟ ಆಡಿದವರ ಮನೆಗೆ ಹೋದೆ. ಅಷ್ಟರಲ್ಲಿ ಮನೆಯ ತಾಯಿ ತೀರಿಕೊಂಡಿದ್ದರು. ಚಿತ್ರ ಮುಗಿದ ಮೇಲೆ ಮಗಳು ಕೇಳಿದ್ದು ಒಂದೇ ಮಾತು: "ಅಣ್ಣಾ, ನಮ್ಮ ಅವ್ವನ ಮಾತು ಎಲ್ಲಿ ಹೋಯಿತು?"

ನನ್ನ ಹತ್ತಿರ ಉತ್ತರವಿರಲಿಲ್ಲ. ಊರಿಗೆ ಮರಳಿ ಹುಡುಕಿದಾಗ ಅಂದು ದನಿ ಹಿಡಿದ ಗೆಳೆಯನ ಬಳಿ ಹಿಂದಿನ ಮೈಕಿನ ನಲವತ್ತು ನಿಮಿಷದ ಒಂದು ಫೈಲ್ ಸಿಕ್ಕಿತು. ಏಳು ತಾಸಿನಲ್ಲಿ ಉಳಿದದ್ದು ಅಷ್ಟೇ. ಅದನ್ನು ಮಗಳಿಗೆ ಕೇಳಿಸಿ, ಒಂದೊಂದು ಸಾಲನ್ನೂ ಕನ್ನಡದಲ್ಲಿ ಬರೆದುಕೊಂಡೆ. "ಆ ಸೀತೆ ಬೇಡ, ಅಳುವ ಸೀತೆಯನ್ನು ಕೊಡು." "ಜನ ತೂಕಡಿಸುತ್ತಿದ್ದಾರೆ, ಕಿಳ್ಳೇಕ್ಯಾತನನ್ನು ಬಿಡು." "ಹಾಡು ಎಳೆಯಬೇಡ, ಬೆಳಗಾಗುತ್ತಿದೆ." ಯಾವ ಗೊಂಬೆ ಯಾವಾಗ ಪರದೆಗೆ ಏರಬೇಕು, ನಗಿಸುವ ಗೊಂಬೆಗಳಾದ ಕಿಳ್ಳೇಕ್ಯಾತ ಮತ್ತು ಬಂಗಾರಕ್ಕ ಎಲ್ಲಿ ನುಗ್ಗಬೇಕು, ಎಲ್ಲವನ್ನೂ ಆ ತಾಯಿಯೇ ನಡೆಸುತ್ತಿದ್ದರು. ಆಟದ ಸೂತ್ರ ಅವರ ಕೈಯಲ್ಲಿತ್ತು. ನನ್ನ ಚಿತ್ರದಲ್ಲಿ ಕಲಾವಿದ ಎಂದು ಇದ್ದದ್ದು ಗಂಡನ ಹೆಸರು ಮಾತ್ರ. 2025ರಲ್ಲಿ ಕೊಪ್ಪಳ ಜಿಲ್ಲೆಯ ಮೋರನಾಳದ ತೊಗಲುಗೊಂಬೆ ಕಲಾವಿದೆ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ ಪದ್ಮಶ್ರೀ ಬಂದಾಗ ಪತ್ರಿಕೆಯಲ್ಲಿ ಆ ಹಿರಿಯರ ಮುಖ ನೋಡಿ ಸಂತೋಷವೂ ಆಯಿತು, ನನ್ನ ತಪ್ಪು ಮತ್ತೆ ಚುಚ್ಚಿತು.

ಈಗ ಚಿತ್ರೀಕರಣಕ್ಕೆ ಮೊದಲೇ ಕೇಳುತ್ತೇನೆ: ಮನೆಯಲ್ಲಿ ಯಾವ ಮಾತು ಆಡುತ್ತೀರಿ, ಪರದೆಯ ಹಿಂದೆ ಯಾರು ಯಾರು ಕೂರುತ್ತೀರಿ? ಅಂತಿಮ ದನಿ ಜೋಡಿಸುವ ಮುನ್ನ ಕಲಾವಿದರ ಮನೆಯವರು ನೋಡಿ ಒಪ್ಪಬೇಕು. ಮೂಲದ ಮೂರು ಪ್ರತಿ ಇರುತ್ತವೆ. ಎರಡು ಬೇರೆ ಬೇರೆ ಡಿಸ್ಕ್‌ಗಳಲ್ಲಿ ನನ್ನ ಬಳಿ, ಮೂರನೆಯದು ಅವರ ಮನೆಯಲ್ಲಿ. ಇದಕ್ಕೆ ತಗಲುವ ಖರ್ಚನ್ನೂ ಎರಡನೆಯ ಪ್ರಯಾಣವನ್ನೂ ದರಪಟ್ಟಿಯಲ್ಲಿ ಬೇರೆಯಾಗಿಯೇ ಬರೆಯುತ್ತೇನೆ. ಹಣ ಕೊಡುವವರು ಅಷ್ಟು ಏಕೆ ಎಂದು ಚೌಕಾಸಿ ಮಾಡಿದರೆ ಡ್ರೋನ್ ಬಿಟ್ಟುಬಿಡುತ್ತೇನೆ, ಇದನ್ನು ಬಿಡುವುದಿಲ್ಲ. ಮೇಲಿನಿಂದ ಊರು ಹೇಗೆ ಕಾಣುತ್ತದೆ ಎಂಬುದನ್ನು ನಾಳೆಯೂ ತೆಗೆಯಬಹುದು.

ಆ ನಲವತ್ತು ನಿಮಿಷದಲ್ಲಿ ಒಂದು ಪದ ಮೂರು ಸಲ ಬರುತ್ತದೆ. ಮಗಳಿಗೂ ಅದರ ಅರ್ಥ ಗೊತ್ತಿಲ್ಲ. "ನಮ್ಮ ದೊಡ್ಡವ್ವನನ್ನು ಕೇಳಬೇಕು, ಹೊಸಪೇಟೆ ಹತ್ತಿರ ಇದ್ದಾಳೆ, ವಯಸ್ಸಾಗಿದೆ" ಎಂದಳು. ಮುಂದಿನ ವಾರದ ಹಂಪಿ ಎಕ್ಸ್‌ಪ್ರೆಸ್‌ಗೆ ಟಿಕೆಟ್ ಮಾಡಿಸಿದ್ದೇನೆ.