ಒಂದೇ ದೀಪದ ಚಿತ್ರ

ಎರಡನೆಯ ವರ್ಷದಲ್ಲಿ ಕಾಲೇಜಿನ ಚಿತ್ರ ಸಮಾಜಕ್ಕಾಗಿ ನಾನು ತೆಗೆದ ಕಿರುಚಿತ್ರ 4 ನಿಮಿಷದ್ದು. ಖಾಲಿ ಕೊಠಡಿಯಲ್ಲಿ ಒಬ್ಬಳೇ ಹುಡುಗಿ. ಮಾತಿಲ್ಲ, ಕಥೆಯೂ ಇಲ್ಲ. ಏಕಾಂತದ ಬಗ್ಗೆ ನನಗೇನೋ ಹೇಳುವುದಿತ್ತು ಎಂದಲ್ಲ. ನಟಿಸಲು ಒಪ್ಪಿದ್ದ ಇಬ್ಬರಲ್ಲಿ ಒಬ್ಬ ಕೈಕೊಟ್ಟಿದ್ದ.

ಮೊದಲ ದಿನ ಸಿಕ್ಕ ದೀಪಗಳನ್ನೆಲ್ಲ ಉರಿಸಿದೆ. ಆಮೇಲೆ ನೋಡಿದರೆ ಮುಖ, ಕುರ್ಚಿ, ಗೋಡೆ ಎಲ್ಲವೂ ಸುಣ್ಣ ಬಳಿದಂತೆ ಕಾಣುತ್ತಿದ್ದವು. ಮೇಷ್ಟ್ರು ಏನೂ ಅನ್ನಲಿಲ್ಲ. ಒಂದೊಂದೇ ದೀಪ ಆರಿಸುತ್ತ ಬಂದು, ಕೊನೆಯದನ್ನು ನನ್ನ ಕೈಗಿತ್ತು, “ಇದನ್ನು ಹಿಡಿದು ಅವಳ ಸುತ್ತ ನಡೆ” ಎಂದರು.

ನಡೆದೆ. ದೀಪ ಅವಳ ಹತ್ತಿರ ಹೋದಂತೆ ನೆರಳು ಗೋಡೆಯುದ್ದಕ್ಕೂ ಬೆಳೆಯಿತು. ಹಿಂದೆ ಸರಿದರೆ ಕುಗ್ಗಿ ಹೆಚ್ಚುಕಡಿಮೆ ಅವಳಷ್ಟೇ ಆಯಿತು. ಬರಿಯ ಬಲ್ಬಿಗೆ ಕತ್ತರಿಯಲ್ಲಿ ಕತ್ತರಿಸಿದಂಥ ಅಂಚು, ಮುಂದೆ ಅಗಲವಾದ ಬಿಳಿ ಬಟ್ಟೆ ಇಳಿಬಿಟ್ಟರೆ ಅದೇ ಅಂಚು ಕರಗಿ ಮಂಜು. ದೂರ ಇಮ್ಮಡಿಯಾದರೆ ಬೆಳಕು ಕಾಲುಭಾಗಕ್ಕೆ ಇಳಿಯುತ್ತದೆ ಎಂದು ಭೌತಶಾಸ್ತ್ರದ ಪರೀಕ್ಷೆಯಲ್ಲಿ ಬರೆದು ಅಂಕ ಗಿಟ್ಟಿಸಿದ್ದವನಿಗೆ, ದೀಪವನ್ನು ಅವಳ ಕೆನ್ನೆಯ ಬಳಿಗೆ ತಂದು ದೂರದ ಗೋಡೆಯನ್ನು ಕತ್ತಲಿಗೆ ಬಿಟ್ಟುಬಿಡಬಹುದು ಎಂಬುದು ಮಾತ್ರ ಅಂದಿನವರೆಗೆ ಹೊಳೆದಿರಲಿಲ್ಲ. ಅವಳು ಒಂಟಿಯಾಗಿ ಕಂಡದ್ದು ಆಗಲೇ. ಅಭಿನಯಕ್ಕೆ ಅದರಲ್ಲಿ ಪಾಲು ಕಡಿಮೆ.

ಅದೇ ವಾರ ಮೇಷ್ಟ್ರು, ಮಾಯಾ ಡೆರೆನ್ ಮತ್ತು ಅಲೆಕ್ಸಾಂಡರ್ ಹ್ಯಾಮಿಡ್ ದಂಪತಿ 1943ರಲ್ಲಿ ಲಾಸ್ ಏಂಜಲೀಸ್‌ನ ತಮ್ಮ ಮನೆಯಲ್ಲೇ ತೆಗೆದ ‘ಮೆಶಸ್ ಆಫ್ ದಿ ಆಫ್ಟರ್‌ನೂನ್’ ಎಂಬ ಪ್ರಯೋಗಾತ್ಮಕ ಕಿರುಚಿತ್ರ ತೋರಿಸಿದರು. ಸುಮಾರು 14 ನಿಮಿಷ. ಅದರಲ್ಲಿ ಹೆಣ್ಣಿನ ಮುಖಕ್ಕಿಂತ ಮೊದಲು ಬರುವುದು ಅವಳ ನೆರಳು. ಮುಂದೆ ಆ ಒಬ್ಬಳೇ ಮೂವರಾಗಿ ಮೇಜಿನ ಸುತ್ತ ಕೂರುತ್ತಾಳೆ. ಸಂಗೀತ ಸೇರಿದ್ದು 1959ರಲ್ಲಿ ಎಂದು ಹೇಳಿ ಧ್ವನಿಯನ್ನು ಪೂರ್ತಿ ಇಳಿಸಿದ್ದರು. ನನ್ನ ಚಿತ್ರಕ್ಕೆ ಪಿಟೀಲು ಹಾಕಿಸುವ ಆಸೆ ಅಲ್ಲಿಗೆ ಮುಗಿಯಿತು. (ಪ್ರಯೋಗದ ಹೆಸರಿನಲ್ಲಿ ಏನೂ ಕಾಣದಷ್ಟು ಕತ್ತಲು ಸುರಿಯುವವರನ್ನು ಆಮೇಲೆ ಬಹಳ ನೋಡಿದ್ದೇನೆ. ನೆರಳಿಗೂ ಒಂದಿಷ್ಟು ಬೆಳಕು ಬೇಕು, ಪುಣ್ಯಾತ್ಮರೇ!)

ನನ್ನ ಚಿತ್ರದ ಪ್ರದರ್ಶನ ಮುಗಿದಾಗ ಒಬ್ಬಳು ಎದ್ದು ಕೇಳಿದಳು: “ಗೋಡೆಯ ಮೇಲೆ ಒಮ್ಮೆ ಬಂದು ಹೋಗುವ ಆ ಇನ್ನೊಂದು ಕೈ ಯಾರದು? ಅವಳನ್ನು ಬಿಟ್ಟುಹೋದವನದೇ?”

ಜಾರುತ್ತಿದ್ದ ಬಟ್ಟೆಯನ್ನು ಸರಿಪಡಿಸಲು ಚಾಚಿದ ನನ್ನದೇ ಕೈ ಅದು. ಹಾಗೆಂದು ಒಪ್ಪಿಕೊಳ್ಳಲು ಬಾಯಿ ತೆರೆಯುವಷ್ಟರಲ್ಲಿ, ಹಿಂದಿನ ಸಾಲಿನಲ್ಲಿದ್ದ ಮೇಷ್ಟ್ರು ತುಟಿಯ ಮೇಲೆ ಬೆರಳಿಟ್ಟುಕೊಂಡು ನನ್ನತ್ತ ನೋಡಿದರು.