ಇವಾ ಕೋರ್ ಸಾಕ್ಷ್ಯವನ್ನು ತರಗತಿಗೆ ಕೊಂಡೊಯ್ಯುವಾಗ

ಹಾಲೋಕಾಸ್ಟ್‌ನಲ್ಲಿ (ನಾಜಿಗಳು ನಡೆಸಿದ ಯಹೂದಿಗಳ ಸಾಮೂಹಿಕ ಹತ್ಯೆಯಲ್ಲಿ) ಎಳೆವಯಸ್ಸಿಗೇ ಸಿಕ್ಕಿ ಬದುಕುಳಿದವರ ಸಾಕ್ಷ್ಯವನ್ನು ಶಾಲಾ ಮಕ್ಕಳಿಗೆ ಕೇಳಿಸುವುದು ನಮ್ಮ ಕೆಲಸ. ಹಾಗೆ ಬದುಕುಳಿದವರಲ್ಲಿ ಒಬ್ಬರಾದ ಇವಾ ಮೋಝೆಸ್ ಕೋರ್ 2019ರಲ್ಲಿ ತೀರಿಕೊಂಡರು. ಈಗಿರುವುದು ಅವರ ವಿಡಿಯೊಗಳು.

ಎಡವಟ್ಟು ಆಗುವುದು ಹೆಚ್ಚಾಗಿ ಹಿಂದಿನ ದಿನದ ತಯಾರಿಯಲ್ಲೇ. ಎಷ್ಟು ಜನ ಸತ್ತರು, ಯಾರು ಆದೇಶ ಕೊಟ್ಟರು ಎಂಬುದನ್ನೆಲ್ಲ ಅವರ ಬಾಯಿಂದಲೇ ಕೇಳಿಸಲು ಶಿಕ್ಷಕರು ಹೊರಡುತ್ತಾರೆ. ಆದರೆ 1944ರ ಮೇನಲ್ಲಿ ನಾಜಿಗಳ ಆಶ್ವಿಟ್ಜ್ ಶಿಬಿರದಲ್ಲಿ ರೈಲಿಳಿದಾಗ ಇವಾಗೆ ಹತ್ತು ವರ್ಷ; ಅದನ್ನೆಲ್ಲ ಬಲ್ಲ ವಯಸ್ಸಲ್ಲ. ಅವಳಿ ಮಕ್ಕಳೆಂದು ಅವರನ್ನೂ ಸಹೋದರಿ ಮಿರಿಯಮ್ ಅವರನ್ನೂ ಶಿಬಿರದ ವೈದ್ಯ ಮೆಂಗೆಲೆಯ ಪ್ರಯೋಗಗಳಿಗೆ ಬೇರೆ ಮಾಡಿದರು. ಅಪ್ಪ, ಅಮ್ಮ, ಇಬ್ಬರು ಅಕ್ಕಂದಿರು ಉಳಿಯಲಿಲ್ಲ. ಚುಚ್ಚಿದ ಸೂಜಿಗಳಲ್ಲಿ ಏನಿತ್ತೆಂಬುದು ಇವಾಗೆ ಕೊನೆವರೆಗೂ ಗೊತ್ತಾಗಲಿಲ್ಲ. ಅಲ್ಲಿ ಖಾಲಿ ಬಿಡಿ, ಊಹೆಯಿಂದ ತುಂಬಬೇಡಿ. ಇಸವಿ, ಅಂಕಿ, ನಕಾಶೆ ಒಂದು ಪೀರಿಯಡ್ ಮೊದಲೇ ಮುಗಿಯಲಿ. ಅವರು ಹುಟ್ಟಿದ ಪೋರ್ಟ್ಸ್ ಹಳ್ಳಿ ರೊಮೇನಿಯದ್ದು, ಆದರೆ 1940ರಿಂದ ಹಂಗೇರಿಯ ಹಿಡಿತದಲ್ಲಿತ್ತು. ಇದನ್ನು ಹೇಳದೆ ಹೋದರೆ 'ರೊಮೇನಿಯದವರನ್ನು ಹಂಗೇರಿಯವರು ಹೇಗೆ ಹಿಡಿದುಕೊಟ್ಟರು' ಎಂಬಲ್ಲೇ ಮಕ್ಕಳು ಸಿಕ್ಕಿಕೊಳ್ಳುತ್ತಾರೆ.

ಪಟ್ಟೆ ಬಟ್ಟೆ ತೊಟ್ಟ ಮಕ್ಕಳು ತಂತಿಬೇಲಿಯ ನಡುವೆ ನಡೆದುಬರುವ ದೃಶ್ಯ ಎಲ್ಲರಿಗೂ ಪರಿಚಿತ. ಮುಂದಿನ ಸಾಲಲ್ಲಿ ಇವಾ, ಮಿರಿಯಮ್ ಇದ್ದಾರೆ. ಅದು 1945ರ ಜನವರಿ 27ರ ವಿಮೋಚನೆಯ ನಂತರ ಸೋವಿಯತ್ ಕ್ಯಾಮೆರಾದವರು ತೆಗೆದದ್ದು; ಬಟ್ಟೆ ದೊಡ್ಡವರ ಅಳತೆಯದ್ದು, ತೋಳು ಕೈಬೆರಳನ್ನೂ ಮುಚ್ಚುವಷ್ಟು. ತಾರೀಕು ಹಾಕದೆ ತೋರಿಸಿದರೆ 'ಶಿಬಿರದ ದಿನಚರಿ' ಎಂದು ತಪ್ಪು ತಿಳಿಯುತ್ತಾರೆ. ಆಮೇಲೆ ಯಾರಾದರೂ 'ಇದು ಆಡಿಸಿದ ದೃಶ್ಯ' ಎಂದಾಗ ಇಡೀ ಸಾಕ್ಷ್ಯದ ಮೇಲೇ ಅನುಮಾನ ಬರುತ್ತದೆ.

ಹನ್ನೆರಡರಿಂದ ಹದಿನೈದು ನಿಮಿಷದ ಒಂದೇ ತುಣುಕು ಸಾಕು. ಅಲ್ಲಿಷ್ಟು ಇಲ್ಲಿಷ್ಟು ಕತ್ತರಿಸಿ ಅಂಟಿಸಬೇಡಿ, ಹಿನ್ನೆಲೆ ಸಂಗೀತವಂತೂ ಬೇಡವೇ ಬೇಡ. ನಂತರ ಚೀಟಿಯಲ್ಲಿ ಪ್ರಶ್ನೆ ಬರೆಸಿ. ಬಾಯಲ್ಲಿ ಕೇಳಿಸಿದರೆ ಮಾತುಗಾರ ಮಕ್ಕಳದ್ದೇ ನಡೆಯುತ್ತದೆ. ಸಾಲಾಗಿ ನಿಲ್ಲಿಸುವುದು, ಕೈಮೇಲೆ ನಂಬರ್ ಬರೆಯುವುದು ಮುಂತಾದ 'ಅನುಭವ'ದ ಆಟಗಳನ್ನು ಕೈಬಿಡಿ. ಮಕ್ಕಳಿಗೆ ನೆನಪುಳಿಯುವುದು ಆಟ ಮಾತ್ರ, ಜೊತೆಗೆ 'ನಮಗೆ ಅರ್ಥವಾಯಿತು' ಎಂಬ ಭ್ರಮೆ.

ತರಗತಿಯನ್ನು ಶಿಬಿರದಲ್ಲೇ ನಿಲ್ಲಿಸಿ ಗಂಟೆ ಹೊಡೆಸಬೇಡಿ. ಮುಂದಿನ ಬದುಕಿಗೆ ಹತ್ತು ನಿಮಿಷ ಇಡಿ: ಇಸ್ರೇಲ್, ಅಮೆರಿಕದ ಇಂಡಿಯಾನ ರಾಜ್ಯದ ಟೆರ್ರೆ ಹೋಟ್, ಬದುಕುಳಿದ ಅವಳಿಗಳನ್ನು ಹುಡುಕಲು 1984ರಲ್ಲಿ ಕಟ್ಟಿದ ಕ್ಯಾಂಡಲ್ಸ್ ಸಂಸ್ಥೆ, 1995ರ ಮ್ಯೂಸಿಯಂ, 2003ರಲ್ಲಿ ಯಾರೋ ಅದಕ್ಕೆ ಬೆಂಕಿ ಇಟ್ಟದ್ದು, ಮತ್ತೆ ಕಟ್ಟಿದ್ದು.

ನಾಜಿಗಳನ್ನು ಕ್ಷಮಿಸಿದೆ ಎಂದು 1995ರಲ್ಲಿ ಅವರು ಹೇಳಿದ್ದಕ್ಕೆ ಬೇರೆ ದಿನ ಬೇಕು. ಬದುಕುಳಿದ ಹಲವರು ಅದನ್ನು ಒಪ್ಪಲಿಲ್ಲ. ಅದನ್ನು ಪಾಠದ ನೀತಿಯಾಗಿ ಹೇಳಿಕೊಡುವುದು ಆ ಹಲವರಿಗೆ ಮಾಡುವ ಅನ್ಯಾಯ ಎಂದೇ ನಮ್ಮ ಅಭಿಪ್ರಾಯ.

ಬದುಕುಳಿದವರ ಸಾಕ್ಷ್ಯ ದಾಖಲಿಸುವ ಶೋವಾ ಫೌಂಡೇಶನ್ ಸಂಸ್ಥೆಯಲ್ಲಿ, ಪ್ರಶ್ನೆಗೆ ತಕ್ಕ ಉತ್ತರ ಹುಡುಕಿಕೊಡುವ ರೆಕಾರ್ಡಿಂಗ್‌ಗಳಲ್ಲಿ ಇವಾ ಅವರದ್ದೂ ಇದೆ. ಅದು ಅವರೇ ಆಡಿದ ಮಾತು, ಯಂತ್ರ ಕಟ್ಟಿದ್ದಲ್ಲ. ಇದನ್ನು ಮೊದಲೇ ಹೇಳಿಬಿಡಿ. ಒಂದೇ ಉಸಿರಲ್ಲಿ ಎರಡು ಪ್ರಶ್ನೆ ಕೇಳಿದರೆ ಸಂಬಂಧವಿಲ್ಲದ ತುಣುಕು ಬರುತ್ತದೆ, ಮಕ್ಕಳು ನಗುತ್ತಾರೆ. ಒಂದು ಸಲಕ್ಕೆ ಒಂದೇ ಪ್ರಶ್ನೆ, ಅದೂ ಚಿಕ್ಕದಾಗಿರಲಿ.